ಪೆಟ್ಟಿಗೆಯೊಳಗಿನ ಫೋರ್ಸೆಪ್ಸ್

ಚೇಂಬರ್ಲೆನ್ ಮನೆತನದವರ ಮೇಲೆ ನನಗೆ ಇವತ್ತಿಗೂ ಸಿಟ್ಟಿದೆ. ಸತ್ತು ಮುನ್ನೂರು ವರ್ಷ ದಾಟಿದವರ ಮೇಲೆ ಎಂಥ ಸಿಟ್ಟು ಎಂದು ಮನೆಯಲ್ಲಿ ನಗುತ್ತಾರೆ. ಹೆರಿಗೆ ವಾರ್ಡಿನಲ್ಲೇ ತಲೆ ನರೆಸಿಕೊಂಡ ನನ್ನಂಥ ಡಾಕ್ಟರಿಗೆ ಅದು ನಗುವ ವಿಷಯವಲ್ಲ.

1569ರಲ್ಲಿ ವಿಲಿಯಂ ಚೇಂಬರ್ಲೆನ್ ಎಂಬ ಪ್ರಾಟೆಸ್ಟೆಂಟ್, ಫ್ರಾನ್ಸಿನ ಧರ್ಮಕಲಹದಿಂದ ತಪ್ಪಿಸಿಕೊಂಡು ಸಂಸಾರದ ಜತೆ ಇಂಗ್ಲೆಂಡಿನ ಸೌತಾಂಪ್ಟನ್‌ಗೆ ಬಂದ. ಅವನ ಗಂಡುಮಕ್ಕಳಲ್ಲಿ ಇಬ್ಬರಿಗೆ ಪೀಟರ್ ಎಂದೇ ಹೆಸರು. ಇಬ್ಬರೂ ಹೆರಿಗೆಯ ಕಸುಬು ಹಿಡಿದರು. ಹಿರಿಯವನ ಕೀರ್ತಿ ಅರಮನೆಯವರೆಗೆ ಹೋಯಿತು. ಫೋರ್ಸೆಪ್ಸ್ ಮಾಡಿದ್ದು ಬಹುಶಃ ಅವನೇ. ಮಗುವಿನ ತಲೆಗೆ ಒಪ್ಪುವಂತೆ ಬಾಗಿದ, ನಡುವೆ ತೆರಪಿರುವ ಎರಡು ಕಬ್ಬಿಣದ ಅಲಗುಗಳು. ಒಂದನ್ನು ಒಳಗಿಟ್ಟು, ಇನ್ನೊಂದನ್ನು ಇಟ್ಟು, ಆಮೇಲೆ ಜೋಡಿಸುವುದು. ಜಾಣತನವೆಲ್ಲ ಆ ಬಿಡಿಬಿಡಿಯಾಗಿ ಹಾಕುವುದರಲ್ಲಿದೆ. ಅದಕ್ಕೆ ಮೊದಲು ತಲೆ ಸಿಕ್ಕಿಕೊಂಡರೆ ಇದ್ದದ್ದು ಕೊಕ್ಕೆ. ತಾಯಿಯಾದರೂ ಉಳಿಯಲೆಂದು ಮಗುವನ್ನು ತುಂಡು ಮಾಡಿ ತೆಗೆಯುತ್ತಿದ್ದರು.

ಇಂಥ ಸಾಧನವನ್ನು ಆ ಮನೆಯವರು ನೂರು ವರ್ಷಕ್ಕೂ ಮೇಲೆ ಗುಟ್ಟಾಗಿಟ್ಟುಕೊಂಡು ದುಡಿದರು. ಇಬ್ಬರು ಹೊರಬೇಕಾದ ದೊಡ್ಡ ಪೆಟ್ಟಿಗೆಯಲ್ಲಿ ತರುತ್ತಿದ್ದರು, ಗರ್ಭಿಣಿಯ ಕಣ್ಣು ಕಟ್ಟುತ್ತಿದ್ದರು, ನೆಂಟರನ್ನೆಲ್ಲ ಆಚೆ ಕಳಿಸಿ ಬಾಗಿಲು ಹಾಕುತ್ತಿದ್ದರು ಎಂದು ಕಥೆಗಳಿವೆ.

ಕಿರಿಯ ಪೀಟರನ ಮೊಮ್ಮಗ ಹ್ಯೂ 1670ರಲ್ಲಿ ಗುಟ್ಟನ್ನು ಮಾರಲು ಪ್ಯಾರಿಸ್‌ಗೆ ಹೋದ. ಅಲ್ಲಿನ ಹೆಸರಾಂತ ಪ್ರಸೂತಿ ತಜ್ಞ ಫ್ರಾಂಸ್ವಾ ಮೊರಿಸೊ ಒಬ್ಬ ಹೆಂಗಸನ್ನು ತೋರಿಸಿದ. ವಯಸ್ಸು 38, ಚೊಚ್ಚಲು, ಗಿಡ್ಡ ಆಳು, ಸೊಂಟದ ಎಲುಬು ಸೊಟ್ಟಗಾಗಿ ದಾರಿ ತೀರಾ ಇಕ್ಕಟ್ಟು. ಕೆಲವೇ ನಿಮಿಷದ ಕೆಲಸ ಎಂದ ಹ್ಯೂ ಮೂರು ಗಂಟೆ ಒದ್ದಾಡಿದ. ಮಗು ಬರಲಿಲ್ಲ. ಆಕೆಯೂ ಉಳಿಯಲಿಲ್ಲ, ಶವ ಕೊಯ್ದು ನೋಡಿದಾಗ ಗರ್ಭಕೋಶ ಹರಿದಿತ್ತು. ವ್ಯಾಪಾರ ಕುದುರಲಿಲ್ಲ. ಹ್ಯೂ ಮೊರಿಸೊನ ಪುಸ್ತಕವನ್ನು ಇಂಗ್ಲಿಷಿಗೆ ಅನುವಾದಿಸಿ 1672ರಲ್ಲಿ ಅಚ್ಚು ಹಾಕಿಸಿದ. ನಮ್ಮ ಮನೆಯಲ್ಲೊಂದು ಉಪಾಯವಿದೆ ಎಂದು ಅದರ ಮುನ್ನುಡಿಯಲ್ಲಿ ಜಾಹೀರಾತೂ ಹಾಕಿಕೊಂಡ!

ಎಲುಬಿನ ದಾರಿ ಸಾಲದಿದ್ದರೆ, ತಲೆ ಕೆಳಗಿಳಿಯದಿದ್ದರೆ ಫೋರ್ಸೆಪ್ಸ್ ಮುಟ್ಟಬಾರದು. ಇವತ್ತು ಪಿಜಿ ಮೊದಲ ವರ್ಷದವರಿಗೂ ಇದು ಗೊತ್ತು. ಹ್ಯೂಗೆ ಹೇಳುವವರು ಯಾರಿದ್ದರು? ಬಚ್ಚಿಟ್ಟ ವಿದ್ಯೆಯನ್ನು ಹೊರಗಿನವರು ತಿದ್ದಲಾರರು. ನನ್ನ ಸಿಟ್ಟು ಅವರ ದುರಾಸೆಗಿಂತ ಹೆಚ್ಚಾಗಿ ಇದರ ಮೇಲೆ.

ಎಸೆಕ್ಸ್ ಪ್ರಾಂತ್ಯದ ವುಡಮ್ ಮಾರ್ಟಿಮರ್ ಹಾಲ್ ಎಂಬ ಅವರ ಹಳೆಯ ಮನೆಯಲ್ಲಿ, 1813ರಲ್ಲಿ ನೆಲದ ಹಲಗೆಯಡಿ ಒಂದು ಪೆಟ್ಟಿಗೆ ಸಿಕ್ಕಿತು. ಪತ್ರಗಳು, ನಾಣ್ಯಗಳು, ಕಾಗದದಲ್ಲಿ ಸುತ್ತಿಟ್ಟ ಒಂದು ಹಲ್ಲು, ಜತೆಗೆ ಫೋರ್ಸೆಪ್ಸ್‌ಗಳು. ಅಷ್ಟು ಹೊತ್ತಿಗೆ ಆ ಗುಟ್ಟಿಗೆ ಮೂರು ಕಾಸಿನ ಬೆಲೆಯೂ ಇರಲಿಲ್ಲ. 1733ರಲ್ಲೇ ಎಡ್ಮಂಡ್ ಚಾಪ್‌ಮನ್ ಅದನ್ನು ಪುಸ್ತಕದಲ್ಲಿ ಬರೆದಾಗಿತ್ತು.

ಬರೆದಿದ್ದನ್ನು ಕೈಗೆ ಹತ್ತಿಸಿದವನು ಸ್ಕಾಟ್ಲೆಂಡಿನ ವಿಲಿಯಂ ಸ್ಮೆಲಿ. ಲಂಡನ್ನಿನಲ್ಲಿ ಹತ್ತು ವರ್ಷದಲ್ಲಿ 900ಕ್ಕೂ ಹೆಚ್ಚು ಶಿಷ್ಯರಿಗೆ ಪಾಠ ಹೇಳಿದ. ನಿಜವಾದ ಎಲುಬಿಗೆ ಚರ್ಮ ಹೊದಿಸಿ ಹೆಣ್ಣಿನ ಸೊಂಟ ಮಾಡಿ, ಅದರೊಳಗಿಂದ ಗೊಂಬೆ ತೆಗೆಸಿ ಅಭ್ಯಾಸ ಮಾಡಿಸಿದ. ಬಡ ಹೆಂಗಸರಿಗೆ ಪುಕ್ಕಟೆ ಹೆರಿಗೆ. ಅದಕ್ಕೆ ಪ್ರತಿಯಾಗಿ ಶಿಷ್ಯರು ಸುತ್ತ ನಿಂತು ನೋಡುತ್ತಿದ್ದರು. ನಮ್ಮ ವಿದ್ಯೆ ಆ ಹೆಂಗಸರ ಋಣದಲ್ಲಿದೆ. 1760ರಲ್ಲಿ ಎಲಿಜಬೆತ್ ನೈಹೆಲ್ ಎಂಬ ಸೂಲಗಿತ್ತಿ, ಈ ಗಂಡಸರು ತಾಳ್ಮೆಯಿಲ್ಲದೆ ಕಬ್ಬಿಣ ಹಾಕುತ್ತಾರೆ ಎಂದು ಪುಸ್ತಕವನ್ನೇ ಬರೆದು ಝಾಡಿಸಿದಳು. ಅವಳ ಮಾತಿನಲ್ಲಿ ಹುರುಳಿತ್ತು.

ನಾವು ಕಲಿತದ್ದು ದಾಸ್ ಫೋರ್ಸೆಪ್ಸ್‌ನಲ್ಲಿ. ಕಲ್ಕತ್ತೆಯ ಕೇದಾರನಾಥ ದಾಸ್, ನಮ್ಮ ಹೆಣ್ಣುಮಕ್ಕಳ ಮೈಕಟ್ಟಿಗೆ ತಕ್ಕಂತೆ ಅಳತೆ ಇಳಿಸಿ ಮಾಡಿಸಿದ್ದು. ಅವರು 1929ರಲ್ಲಿ ಹೊರತಂದ ಫೋರ್ಸೆಪ್ಸ್ ಚರಿತ್ರೆಯಲ್ಲಿ ನೂರಾರು ಮಾದರಿಗಳ ವಿವರವಿದೆ. ನಮ್ಮ ಮೇಡಂ ಹೇಳಿಕೊಟ್ಟ ಕ್ರಮ ಬೆರಳಿಗೆ ಇನ್ನೂ ನೆನಪಿದೆ. ಎಡಗೈಯಲ್ಲಿ ಎಡ ಅಲಗನ್ನು ಪೆನ್ನು ಹಿಡಿದಂತೆ ಹಗುರವಾಗಿ ಹಿಡಿ. ಬಲಗೈ ಬೆರಳು ಒಳಗೆ ಕಾವಲಿರಲಿ. ಅಲಗು ತಾನಾಗಿ ಜಾರಬೇಕು, ತಳ್ಳಬೇಡ. ಆಮೇಲೆ ಬಲಗಡೆಯದು. ಎರಡೂ ಸಲೀಸಾಗಿ ಲಾಕ್ ಆಗದಿದ್ದರೆ ತೆಗೆದು ಮತ್ತೆ ಪರೀಕ್ಷೆ ಮಾಡು. ನೋವು ಬಂದಾಗ ಮಾತ್ರ ಎಳೆ, ಮೊದಲು ಕೆಳಕ್ಕೆ, ತಲೆ ಕಂಡ ಮೇಲೆ ಮೇಲಕ್ಕೆ. ಇಷ್ಟು ಹೇಳುವಾಗ ಅವರ ಕೈ ನನ್ನ ಕೈ ಮೇಲಿರುತ್ತಿತ್ತು.

1950ರ ದಶಕದಲ್ಲಿ ಸ್ವೀಡನ್ನಿನ ಮಾಲ್ಮ್‌ಸ್ಟ್ರೋಮ್ ತಂದ, ಮಗುವಿನ ತಲೆಗೆ ಅಂಟಿಸಿ ಎಳೆಯುವ ವ್ಯಾಕ್ಯೂಮ್ ಬಟ್ಟಲು ಹಾಕುವುದಕ್ಕೆ ಸುಲಭವಾಗಿ ಕಂಡಿತು. ಸಿಸೇರಿಯನ್ನೂ ಸುರಕ್ಷಿತವಾಯಿತು, ಅದರಿಂದ ಉಳಿದ ಜೀವಗಳಿಗೆ ಲೆಕ್ಕವಿಲ್ಲ, ನನಗೆ ಅದರ ಮೇಲೆ ತಕರಾರಿಲ್ಲ. ಆದರೆ ಗರ್ಭಕೋಶದ ಬಾಯಿ ಪೂರ್ತಿ ತೆರೆದು, ತಲೆ ಕೆಳಗೆ ಬಂದು ಕೂತು, ಮಗುವಿನ ಎದೆಬಡಿತ ಇಳಿಯುತ್ತಿರುವಾಗ ಹೊಟ್ಟೆ ಕೊಯ್ಯುವುದು ಸುಲಭವಲ್ಲ. ಸಿಕ್ಕಿಕೊಂಡ ತಲೆಯನ್ನು ಮೇಲಕ್ಕೆತ್ತುವಾಗ ಗರ್ಭಕೋಶ ಹರಿಯಬಹುದು, ರಕ್ತ ಹೋಗಬಹುದು. ರಾತ್ರಿ ಅರಿವಳಿಕೆ ತಜ್ಞರು ಸಿಗದ ತಾಲ್ಲೂಕು ಆಸ್ಪತ್ರೆಯಲ್ಲಿ ಫೋರ್ಸೆಪ್ಸ್ ಬಲ್ಲ ಒಂದು ಜೋಡಿ ಕೈ ದೊಡ್ಡ ಆಸರೆ.

ಆ ಕೈಗಳು ಈಗ ಕಡಿಮೆಯಾಗುತ್ತಿವೆ. ಯಾರೂ ಏನನ್ನೂ ಬಚ್ಚಿಟ್ಟಿಲ್ಲ, ಪುಸ್ತಕ, ವಿಡಿಯೊ ಎಲ್ಲ ಇವೆ. ಪಕ್ಕದಲ್ಲಿ ನಿಂತು ಕಲಿಸುವವರು ಒಬ್ಬೊಬ್ಬರಾಗಿ ರಿಟೈರ್ ಆಗುತ್ತಿದ್ದೇವೆ, ಅಷ್ಟೆ. ಕಾಲೇಜಿನವರು ಕರೆದರೆ ನಾನಂತೂ ಬರಲು ತಯಾರು. ಗೊಂಬೆ ಮಾತ್ರ ಅವರೇ ತರಿಸಿಡಲಿ.