ರೂಪ ಕಂಡು ಇಟ್ಟ ಹೆಸರುಗಳು: ನಮ್ಮ ಸೀಮೆಯ ಪ್ರಾಣಿಗಳು ಮತ್ತು ಲ್ಯಾಟಿನ್ ಪದಗಳು



ಜೀವಶಾಸ್ತ್ರದ ಪುಸ್ತಕದಲ್ಲಿ ಬರುವ ಲ್ಯಾಟಿನ್ ಹೆಸರುಗಳೆಂದರೆ ನಿಮ್ಮಲ್ಲಿ ಅನೇಕರಿಗೆ ಭಯ. ಅರ್ಥ ತಿಳಿಯದೆ ಬಾಯಿಪಾಠ ಮಾಡುತ್ತೀರಿ, ಪರೀಕ್ಷೆ ಮುಗಿದ ಕೂಡಲೇ ಮರೆಯುತ್ತೀರಿ. ಆದರೆ ಅವುಗಳಲ್ಲಿ ಬಹಳಷ್ಟು ಹೆಸರುಗಳು ಪ್ರಾಣಿಯ ರೂಪವನ್ನು ಹೇಳುವ ಸರಳ ಪದಗಳೇ ಆಗಿವೆ. ನಮ್ಮ ಹೊಸಪೇಟೆ, ಹಂಪಿ, ಸಂಡೂರು, ಕಂಪ್ಲಿಯ ಪ್ರಾಣಿಗಳಿಂದಲೇ ಇದನ್ನು ತಿಳಿಯೋಣ.

ಅಲ್ಲಾಹನು ಹಝ್ರತ್ ಆದಮ್ (ಅ) ಅವರಿಗೆ ಹೆಸರುಗಳನ್ನು ಕಲಿಸಿದ ಪ್ರಸ್ತಾಪ ಪವಿತ್ರ ಕುರ್‌ಆನಿನ ಅಲ್ ಬಖರ ಅಧ್ಯಾಯದಲ್ಲಿದೆ. ಹೆಸರನ್ನು ತಿಳಿಯುವುದೇ ವಿದ್ಯೆಯ ಮೊದಲ ಮೆಟ್ಟಿಲು. 9ನೇ ಶತಮಾನದಲ್ಲಿ ಬಸರಾದ ಅಲ್ ಜಾಹಿಜ್ ಪ್ರಾಣಿಗಳ ಕುರಿತು 'ಕಿತಾಬುಲ್ ಹಯವಾನ್' ಬರೆದರು. 14ನೇ ಶತಮಾನದಲ್ಲಿ ಈಜಿಪ್ಟಿನ ಅದ್ದಮೀರಿ ಪ್ರಾಣಿಗಳ ಹೆಸರುಗಳನ್ನು ಅಕ್ಷರಮಾಲೆಯ ಕ್ರಮದಲ್ಲಿ ಜೋಡಿಸಿ 'ಹಯಾತುಲ್ ಹಯವಾನ್' ರಚಿಸಿದರು. ಸ್ವೀಡನ್ನಿನ ಲಿನೇಯಸ್ 1758ರಲ್ಲಿ ಪ್ರತಿ ಪ್ರಾಣಿಗೂ ಎರಡು ಪದಗಳ ಹೆಸರು ಕೊಡುವ ಪದ್ಧತಿಯನ್ನು ನೆಲೆಗೊಳಿಸಿದನು. ಆಗ ಯುರೋಪಿನ ವಿದ್ವಾಂಸರ ಭಾಷೆ ಲ್ಯಾಟಿನ್. ಕನ್ನಡದ ನವಿಲು ಉರ್ದುವಿನಲ್ಲಿ ಮೋರ್, ತೆಲುಗಿನಲ್ಲಿ ನೆಮಲಿ. ಜಗತ್ತಿಗೆಲ್ಲ ಅದು 'ಪೇವೊ ಕ್ರಿಸ್ಟೇಟಸ್'. ಕ್ರಿಸ್ಟೇಟಸ್ ಎಂದರೆ ಜುಟ್ಟುಳ್ಳದ್ದು.

ಹಂಪಿಯ ಗುಡಿಗಳ ಬಳಿ ಕಾಣುವ ಮಂಗವನ್ನು ನೋಡಿ. ತಲೆಯ ನಡುವಿನಿಂದ ಕೂದಲು ಸುತ್ತಲೂ ಹರಡಿಕೊಂಡಿದೆ. ಅದಕ್ಕೇ 'ಮಕಾಕಾ ರೇಡಿಯೇಟಾ', ಅಂದರೆ ಕಿರಣಗಳಂತೆ ಹರಡಿದ್ದು. ಗಣಿತದಲ್ಲಿ ನೀವು ಕಲಿಯುವ 'ರೇಡಿಯಸ್' ಕೂಡ ಇದೇ ಮೂಲದ ಪದ. ದರೋಜಿಯ ಕಲ್ಲುಗುಡ್ಡಗಳಲ್ಲಿ ಪೇಂಟೆಡ್ ಸ್ಪರ್‌ಫೌಲ್ ಎಂಬ ಕೋಳಿ ಜಾತಿಯ ಹಕ್ಕಿಯಿದೆ. ಅದರ ಎರಡನೆಯ ಹೆಸರು 'ಲುನುಲೇಟಾ'. ಲೂನಾ ಎಂದರೆ ಚಂದ್ರ, ಲುನುಲಾ ಎಂದರೆ ಪುಟ್ಟ ಚಂದ್ರ, ನಮ್ಮ ಮಾತಿನಲ್ಲಿ ಹಿಲಾಲ್. ಇನ್ನು ತುಂಗಭದ್ರೆಯ ನೀರುನಾಯಿ 'ಪರ್ಸ್ಪಿಸಿಲೇಟಾ', ಅಂದರೆ ಕನ್ನಡಕ ಧರಿಸಿದಂಥದ್ದು. ಇದರ ರಕ್ಷಣೆಗಾಗಿ ಮುದ್ಲಾಪುರದಿಂದ ಕಂಪ್ಲಿಯವರೆಗಿನ 34 ಕಿ.ಮೀ. ನದಿಪಾತ್ರವನ್ನು 2015ರಲ್ಲಿ ಸಂರಕ್ಷಿತ ಪ್ರದೇಶವೆಂದು ಘೋಷಿಸಲಾಯಿತು.

ರೂಪ ನೋಡಿ ಮೋಸಹೋದ ಉದಾಹರಣೆಯೂ ನಮ್ಮಲ್ಲೇ ಇದೆ. 1994ರಲ್ಲಿ ದರೋಜಿ ಧಾಮವನ್ನು ಸ್ಥಾಪಿಸಿದ್ದು ಕರಡಿಗಾಗಿ. 1791ರಲ್ಲಿ ಇಂಗ್ಲೆಂಡಿನ ಜಾರ್ಜ್ ಶಾ ಈ ಪ್ರಾಣಿಯ ಉದ್ದ ಉಗುರುಗಳನ್ನೂ, ಮೇಲ್ದವಡೆಯ ಮುಂದೆ ಎರಡು ಹಲ್ಲುಗಳಿಲ್ಲದ್ದನ್ನೂ ಕಂಡು, ಇದು ಅಮೆರಿಕ ಖಂಡದ ಸ್ಲಾತ್ ಪ್ರಾಣಿಯ ಬಳಗವೆಂದು ಭಾವಿಸಿದನು. 'ಅರ್ಸಿನಸ್', ಅಂದರೆ ಕರಡಿಯಂತಹದು, ಎಂದು ಹೆಸರಿಟ್ಟನು. 1793ರಲ್ಲಿ ಮೇಯರ್ 'ಮೆಲರ್ಸಸ್', ಅಂದರೆ ಜೇನು ಕರಡಿ, ಎಂಬ ಮೊದಲ ಪದವನ್ನು ಕೊಟ್ಟನು. ಆದರೆ ಮೊದಲು ಇಟ್ಟ ಜಾತಿಯ ಹೆಸರನ್ನು ಅರ್ಥ ತಪ್ಪೆಂಬ ಕಾರಣಕ್ಕೆ ತೆಗೆದುಹಾಕುವಂತಿಲ್ಲ. ಆದ್ದರಿಂದ ನಮ್ಮ ಕರಡಿ ಇಂದಿಗೂ 'ಕರಡಿಯಂತಿರುವ ಜೇನು ಕರಡಿ'!

ಮಿತ್ರರೇ, ಇದೇ ಕರಡಿಯನ್ನು ಊರೂರಿಗೆ ಕರೆದೊಯ್ದು ಆಡಿಸಿ ಹೊಟ್ಟೆ ಹೊರೆದವರು ನಮ್ಮದೇ ಸಮುದಾಯದ ಖಲಂದರ್ ಕುಟುಂಬಗಳು. 1972ರ ವನ್ಯಜೀವಿ ಕಾಯ್ದೆಯ ನಂತರ ಆ ಕಸುಬು ಕಾನೂನುಬಾಹಿರವಾಯಿತು, 2009ರ ಹೊತ್ತಿಗೆ ಬಹುಮಟ್ಟಿಗೆ ನಿಂತೇಹೋಯಿತು. ಅದು ಕರಡಿಗೆ ಬಿಡುಗಡೆ, ಆದರೆ ಆ ಮನೆಗಳಿಗೆ ತಲೆಮಾರಿನ ಅನ್ನ ಹೋದ ಹೊತ್ತು. 'ಕರಡಿಯವರು' ಎಂದು ಕರೆದು ಅವರ ಮಕ್ಕಳನ್ನು ದೂರವಿಡುವುದೂ ಮೇಲ್ನೋಟಕ್ಕೆ ಇಟ್ಟ ತಪ್ಪು ಹೆಸರೇ. ಅವರ ಕೈಗೆ ಪುಸ್ತಕ ಕೊಡುವುದು ನಮ್ಮಂಥ ಸಂಸ್ಥೆಗಳ ಹೊಣೆ.

ಮೇಲ್ನೋಟವನ್ನು ತಿದ್ದುವುದು ಸೂಕ್ಷ್ಮ ನೋಟ. 1948ರಲ್ಲಿ ತಮಿಳುನಾಡಿನ ಬೆಟ್ಟಗಳಲ್ಲಿ ಸಿಕ್ಕ ಒಂದು ಬಾವಲಿಯನ್ನು ಸಾಮಾನ್ಯ ಜಾತಿಯೆಂದು ಎಣಿಸಿ ಮುಂಬೈಯ ಸಂಗ್ರಹದಲ್ಲಿ ಇಡಲಾಗಿತ್ತು. ಥಾಯ್ಲೆಂಡಿನ ಕಿಟ್ಟಿ ಥೊಂಗ್ಲೊಂಗ್ಯಾ ಅದನ್ನು ಪರೀಕ್ಷಿಸಿ, ಬೇರೆಯೇ ಎಂದು ಗುರುತಿಸಿ, 1972ರಲ್ಲಿ 'ಲಾಟಿಡೆನ್ಸ್ ಸಲೀಂಅಲಿಐ' ಎಂದು ಹೆಸರಿಟ್ಟನು. ಲಾಟಿಡೆನ್ಸ್ ಎಂದರೆ ಅಗಲ ಹಲ್ಲಿನದು. ಎರಡನೆಯ ಪದ ಪಕ್ಷಿತಜ್ಞ ಸಲೀಂ ಅಲಿ (1896-1987) ಅವರ ಗೌರವಾರ್ಥ.

ಮುಂದಿನ ಬಾರಿ ಲ್ಯಾಟಿನ್ ಹೆಸರು ಎದುರಾದಾಗ ಅದರ ಅರ್ಥವೇನೆಂದು ಗುರುಗಳನ್ನು ಕೇಳಿರಿ, ನಿಘಂಟು ತೆರೆಯಿರಿ. ಹೊಸ ಜೀವಿಗಳಿಗೆ ಹೆಸರಿಡುವ ಕೆಲಸ ಇನ್ನೂ ಮುಗಿದಿಲ್ಲ. ಆ ಕೆಲಸಕ್ಕೆ ನಿಮ್ಮಲ್ಲೊಬ್ಬರು ಸಿದ್ಧರಾಗಲಿ ಎಂಬುದೇ ನಮ್ಮ ದುಆ.