ಮೋಟುಪಲ್ಲಿಯ ಅಭಯ ಶಾಸನ: ಧಕ್ಕೆಯೇ ಇಲ್ಲದ ಬಂದರು ನಡೆದದ್ದು ಹೇಗೆ?

ಹಳೆಯ ಬಂದರು ಅಂದ ಕೂಡಲೇ ನಾವು ಹುಡುಕೋದು ಕಲ್ಲಿನ ಧಕ್ಕೆ, ಮೆಟ್ಟಿಲು, ಲಂಗರುಗಳನ್ನು. ಲೋಥಲ್‌ನ ಇಟ್ಟಿಗೆಯ ದೊಡ್ಡ ಕಟ್ಟೆ ಹಡಗುಕಟ್ಟೆಯೋ ಅಲ್ಲವೋ ಎಂಬ ವಾದ ಇನ್ನೂ ಮುಗಿದಿಲ್ಲ. ಆದರೆ ನಮ್ಮ ಪೂರ್ವ ಕರಾವಳಿಯ ಎಷ್ಟೋ ಬಂದರುಗಳು ಧಕ್ಕೆಯೇ ಇಲ್ಲದೆ ನಡೆದವು. ಅವು ನಡೆದ ಬಗೆ ತಿಳಿಯಬೇಕಾದರೆ ಶಾಸನಗಳನ್ನೇ ಓದಬೇಕು. ಅದಕ್ಕೆ ಒಳ್ಳೆಯ ಉದಾಹರಣೆ ಕಾಕತೀಯ ಗಣಪತಿದೇವನ ಮೋಟುಪಲ್ಲಿ ಶಾಸನ.

ಮೋಟುಪಲ್ಲಿ ಇರುವುದು ಆಂಧ್ರದ ಕರಾವಳಿಯಲ್ಲಿ, ಕೃಷ್ಣಾ ನದೀಮುಖಕ್ಕೆ ದಕ್ಷಿಣದಲ್ಲಿ. ಅಲ್ಲಿನ ವೀರಭದ್ರ ದೇವಾಲಯದ ಮಂಟಪದ ಕಂಬದ ಮೇಲೆ ಸಂಸ್ಕೃತ ಮತ್ತು ತೆಲುಗಿನಲ್ಲಿ ಈ ಶಾಸನವಿದೆ. ಹುಲ್ಟ್ಜ್ ಇದನ್ನು ಎಪಿಗ್ರಾಫಿಯಾ ಇಂಡಿಕಾದ 12ನೇ ಸಂಪುಟದಲ್ಲಿ ಪ್ರಕಟಿಸಿದರು. ಕಾಲ ಶಕ 1166, ಕ್ರೋಧಿ ಸಂವತ್ಸರ, ಅಂದರೆ ಕ್ರಿ.ಶ. 1244-45. ಇದನ್ನು ನೀವೇ ತಾಳೆ ನೋಡಬಹುದು. 2024ರ ಯುಗಾದಿಗೆ ಕ್ರೋಧಿ ಬಂದಿತ್ತು. ಅದರಲ್ಲಿ 1244 ಕಳೆದರೆ 780, ಸರಿಯಾಗಿ 60 ವರ್ಷದ 13 ಸುತ್ತು. ಲೆಕ್ಕ ಕೂಡುತ್ತದೆ.

ಶಾಸನದ ತಿರುಳು ಇಷ್ಟು. ಬಿರುಗಾಳಿಗೆ ಸಿಕ್ಕಿ ಒಡೆದು ದಡಕ್ಕೆ ಬಿದ್ದ ಹಡಗಿನಲ್ಲಿದ್ದ ಚಿನ್ನ, ಆನೆ, ಕುದುರೆ, ರತ್ನ ಎಲ್ಲವನ್ನೂ ಹಿಂದಿನ ರಾಜರು ಬಲವಂತವಾಗಿ ಕಿತ್ತುಕೊಳ್ಳುತ್ತಿದ್ದರು. ಗಣಪತಿದೇವ ಅದನ್ನು ನಿಲ್ಲಿಸುತ್ತಾನೆ. ಪ್ರಾಣಕ್ಕಿಂತ ಹಣ ಹೆಚ್ಚೆಂದು ಸಮುದ್ರಕ್ಕಿಳಿದವರ ಮೇಲೆ ಕರುಣೆಯಿಂದ, ಕೀರ್ತಿಗೂ ಪುಣ್ಯಕ್ಕೂ ಎಂದು, ನಿಗದಿತ ಸುಂಕ ಬಿಟ್ಟು ಉಳಿದದ್ದೆಲ್ಲ ಅವರಿಗೇ ಬಿಡುತ್ತೇನೆ ಅನ್ನುತ್ತಾನೆ. ಸುಂಕ ಎಷ್ಟು? ಬರುವ ಸರಕಿಗೂ ಹೋಗುವ ಸರಕಿಗೂ ಮೂವತ್ತರಲ್ಲಿ ಒಂದು ಪಾಲು. ಮುಂದೆ ಶ್ರೀಗಂಧ, ಕರ್ಪೂರ, ಚೀನಿ ಕರ್ಪೂರ, ಮುತ್ತು, ಪನ್ನೀರು, ದಂತ, ತಾಮ್ರ, ಸೀಸ, ರೇಷ್ಮೆ ನೂಲು, ಹವಳ, ಮೆಣಸು, ಅಡಕೆ ಇವುಗಳ ಸುಂಕದ ಪಟ್ಟಿ ಬರುತ್ತದೆ.

ಹಡಗು ಒಡೆಯುವ ಮಾತು ಇಲ್ಲಿ ಯಾಕೆ ಇಷ್ಟು ಮುಖ್ಯ? ಕರಾವಳಿಯನ್ನೇ ನೋಡಿ. ನಮ್ಮ ಬಸರೂರು, ಬಾರಕೂರುಗಳಿಗೆ ಇದ್ದಂತೆ ಹಡಗು ಒಳಗೆ ಬಂದು ನಿಲ್ಲುವಂಥ ಹೊಳೆಬಾಯಿಗಳು ಕೋರಮಂಡಲದಲ್ಲಿ ಕಡಿಮೆ. ನೇರವಾದ ಮರಳು ದಂಡೆ, ಎದುರಿಗೆ ತೆರೆದ ಸಮುದ್ರ. ದೊಡ್ಡ ಹಡಗು ದೂರದಲ್ಲೇ ಲಂಗರು ಹಾಕಬೇಕು. ಸರಕು ಸಣ್ಣ ದೋಣಿಗಳಲ್ಲಿ ಅಲೆ ದಾಟಿ ಬರಬೇಕು. ನಂತರದ ಐರೋಪ್ಯರು ವರ್ಣಿಸಿರುವ ಮಸೂಲಾ ದೋಣಿಗೆ ಹಲಗೆಗಳನ್ನು ಮೊಳೆ ಹೊಡೆಯದೆ ಹಗ್ಗದಲ್ಲಿ ಹೊಲಿಯುತ್ತಿದ್ದದ್ದು ಇದೇ ಕಾರಣಕ್ಕೆ. ಅಲೆಯ ಪೆಟ್ಟಿಗೆ ಅದು ಒಡೆಯದೆ ಬಾಗುತ್ತದೆ. ಆದರೆ ಅಕ್ಟೋಬರ್‌ನಿಂದ ಡಿಸೆಂಬರ್‌ವರೆಗಿನ ಚಂಡಮಾರುತ ಬಂದರೆ ಲಂಗರಿನಲ್ಲಿ ನಿಂತ ಹಡಗಿಗೆ ಮರೆಯೇ ಇಲ್ಲ.

ಕಲ್ಲು, ಕಾಂಕ್ರೀಟು ಹಾಕಿ ಕಟ್ಟಬಹುದಿತ್ತಲ್ಲ ಅಂತೀರಾ? ಮದರಾಸಿನಲ್ಲಿ 1876ರಲ್ಲಿ ಬ್ರಿಟಿಷರು ಬಂದರು ಕಟ್ಟಲು ಶುರು ಮಾಡಿದರು. 1881ರ ಚಂಡಮಾರುತ ಆ ಬ್ರೇಕ್‌ವಾಟರ್‌ಗಳನ್ನು ಕೆಡವಿಹಾಕಿತು. ಕಟ್ಟಿದ ಮೇಲೂ ಅಲೆಯೊಂದಿಗೆ ಸಾಗುವ ಮರಳು ದಕ್ಷಿಣಕ್ಕೆ ಗುಡ್ಡೆಯಾಯಿತು, ಉತ್ತರದ ದಂಡೆ ಕೊರೆಯಿತು. 13ನೇ ಶತಮಾನದ ರಾಜನಿಗೆ ಗಾಳಿಯನ್ನು ತಡೆಯುವ ದಾರಿ ಇರಲಿಲ್ಲ. ನಷ್ಟದ ಮೇಲೆ ಲೂಟಿ ಬೀಳದಂತೆ ತಡೆಯುವುದು ಅವನ ಕೈಯಲ್ಲಿತ್ತು, ಅದನ್ನು ಮಾಡಿದ.

ಇದರಲ್ಲಿ ಗಟ್ಟಿ ಲೆಕ್ಕವೂ ಇದೆ. ಸಮಾನ ಬೆಲೆಯ ಸರಕು ಅಂತ ಇಟ್ಟುಕೊಳ್ಳಿ. ಒಡೆದ ಒಂದು ಹಡಗಿನ ಸರಕನ್ನು ಪೂರ್ತಿ ದೋಚಿದರೆ ಸಿಗುವುದು ಮೂವತ್ತು ಹಡಗುಗಳ ಸುಂಕದಷ್ಟು. ಬರುವಾಗಲೂ ಹೋಗುವಾಗಲೂ ಸುಂಕ ಇರುವುದರಿಂದ, ಸರಕು ತುಂಬಿ ಬಂದು ತುಂಬಿಕೊಂಡು ಹೋಗುವ ಹದಿನೈದೇ ಹಡಗುಗಳು ಹೆಚ್ಚಾಗಿ ಬಂದರೆ ಆ ನಷ್ಟ ತುಂಬಿಹೋಗುತ್ತದೆ. ಕರುಣೆ, ಕೀರ್ತಿ, ಪುಣ್ಯದ ಜೊತೆಗೆ ಬೊಕ್ಕಸಕ್ಕೂ ಲಾಭವೇ.

ದೋಚುವ ಪದ್ಧತಿ ಪಶ್ಚಿಮ ಕರಾವಳಿಯಲ್ಲೂ ಇತ್ತು. ಗೊತ್ತಿಲ್ಲದೆ ಬಂದು ಸೇರಿದ ಹಡಗನ್ನು ಮಲಬಾರಿನ ಏಳಿಯಲ್ಲಿ ಕಸಿದುಕೊಳ್ಳುತ್ತಿದ್ದರು ಎಂದು ಮಾರ್ಕೋ ಪೋಲೋ ಬರೆದಿದ್ದಾನೆ. ಮಂಗಳೂರಿನ ಮೂಲಕ ವಿಜಯನಗರಕ್ಕೆ ಬಂದ ಅಬ್ದುರ್ ರಜಾಕ್ 1440ರ ದಶಕದಲ್ಲಿ ಕಲ್ಲಿಕೋಟೆಯನ್ನು ಹೊಗಳುವುದೂ ಇದೇ ಕಾರಣಕ್ಕೆ. ಬೇರೆಡೆ ಗಾಳಿ ತಂದ ಹಡಗನ್ನು ದೋಚುತ್ತಾರೆ, ಇಲ್ಲಿ ಹಾಗಿಲ್ಲ ಎನ್ನುತ್ತಾನೆ.

ಮೋಟುಪಲ್ಲಿಯ ಭರವಸೆ ಫಲ ಕೊಟ್ಟಿತೇ? ಗಣಪತಿದೇವನ ಮಗಳು ರುದ್ರಮದೇವಿಯ ಕಾಲದ ಚಿತ್ರ ಕೊಡುವ ಮಾರ್ಕೋ ಪೋಲೋ ಈ ನಾಡನ್ನು 'ಮುತ್ಫಿಲಿ' ಎಂದು ಕರೆದು, ಅದರ ವಜ್ರ ಮತ್ತು ನವಿರಾದ ಬಟ್ಟೆಯನ್ನು ಕೊಂಡಾಡುತ್ತಾನೆ. ಕಾಕತೀಯರು ಹೋದ ಮೇಲೆ 1358ರಲ್ಲಿ ರೆಡ್ಡಿ ದೊರೆ ಅನವೋತ ಇದೇ ಊರಿನಲ್ಲಿ ವರ್ತಕರಿಗೆ ಮತ್ತೆ ಅಭಯ ಕೊಡುತ್ತಾನೆ. ರಾಜವಂಶ ಬದಲಾದಾಗ ಹಳೆಯ ಮಾತಿಗೆ ಬೆಲೆ ಇರುತ್ತದೋ ಇಲ್ಲವೋ ಎಂಬ ಅಳುಕು ವರ್ತಕನಿಗೆ ಸಹಜ. ಆದ್ದರಿಂದ ಹೊಸ ದೊರೆ ಹೊಸದಾಗಿ ಕಲ್ಲಿನಲ್ಲಿ ಬರೆಸಬೇಕಾಯಿತು.

ಹಾಗಾಗಿ ನಮ್ಮ ಕರಾವಳಿಯ ಶಾಸನ ಓದುವಾಗ ದಾನ, ಗಡಿ, ಶಾಪಾಶಯಗಳ ನಡುವೆ ಬರುವ ಸುಂಕದ ಸಾಲುಗಳನ್ನು ದಾಟಿಬಿಡಬೇಡಿ. ಬಂದರಿನ ಅರ್ಧ ಎಂಜಿನಿಯರಿಂಗ್ ಅಲ್ಲೇ ಕೆತ್ತಿರುತ್ತದೆ.