ರಾಜ್ಯ ಹಣಕಾಸು ಸಂಸ್ಥೆಯ ಸಾಲ ತೀರುವಳಿ ಅರ್ಜಿಗಳು (ಭಟ್ಕಳ, ಹೊನ್ನಾವರ, ಕುಮಟಾ)

ಕರ್ನಾಟಕ ರಾಜ್ಯ ಹಣಕಾಸು ಸಂಸ್ಥೆಯ (ಕೆಎಸ್‌ಎಫ್‌ಸಿ) ಸಾಲ ಸುಸ್ತಿಯಾದಾಗ ಬಡ್ಡಿ ಮನ್ನಾ, ಜಪ್ತಿ, ಹರಾಜು ಮತ್ತು ಜಾಮೀನುದಾರರ ಹೊಣೆಯ ಬಗ್ಗೆ ತಕರಾರೆತ್ತಿ ಕೋರ್ಟಿಗೆ ಸಲ್ಲಿಸುವ ಅರ್ಜಿಗಳಿವು. ಉತ್ತರ ಕನ್ನಡದ ಈ ಮೂರು ಕರಾವಳಿ ತಾಲ್ಲೂಕುಗಳ ರಿಟ್ ಅರ್ಜಿಗಳು ಹೈಕೋರ್ಟಿನ ಧಾರವಾಡ ಪೀಠದ ವ್ಯಾಪ್ತಿಗೆ ಸೇರುತ್ತವೆ. 2008ರಲ್ಲಿ ಸಂಚಾರಿ ಪೀಠವಾಗಿ ಆರಂಭವಾದ ಅದು 2013ರಲ್ಲಿ ಕಾಯಂ ಆಯಿತು. 2008ಕ್ಕೂ ಮೊದಲು ಭಟ್ಕಳದವರು ಬೆಂಗಳೂರಿಗೇ ಹೋಗಬೇಕಿತ್ತು.

ಸಂಸ್ಥೆ ಸ್ಥಾಪನೆಯಾದದ್ದು 1959ರಲ್ಲಿ, 1951ರ ರಾಜ್ಯ ಹಣಕಾಸು ಸಂಸ್ಥೆಗಳ ಕಾಯ್ದೆಯಡಿ. ಕಾಯ್ದೆಯ ಪ್ರಕಾರ ಕಾರ್ಖಾನೆಯಷ್ಟೇ ಅಲ್ಲ, ಹೋಟೆಲು, ರಸ್ತೆ ಸಾರಿಗೆ, ಮೀನುಗಾರಿಕೆ ಮತ್ತು ಅದಕ್ಕೆ ಬೇಕಾದ ದಡದ ಸೌಕರ್ಯಗಳೂ ಉದ್ಯಮಗಳೇ. ಹೀಗಾಗಿ ಕರಾವಳಿಯ ಬಹುಪಾಲು ಕಸುಬುಗಳು ಈ ಸಾಲದ ವ್ಯಾಪ್ತಿಗೆ ಬರುತ್ತವೆ. ಮಂಜುಗಡ್ಡೆ ತಯಾರಿಸುವ ಐಸ್ ಪ್ಲಾಂಟನ್ನೇ ನೋಡಬಹುದು. ಜೂನ್ 1ರಿಂದ ಜುಲೈ 31ರವರೆಗೆ ಯಾಂತ್ರೀಕೃತ ಮೀನುಗಾರಿಕೆಗೆ ನಿಷೇಧವಿರುತ್ತದೆ. ಬೋಟುಗಳು ದಡ ಸೇರಿದರೆ ಐಸಿಗೆ ಗಿರಾಕಿಯಿಲ್ಲ. ಬಡ್ಡಿಗೆ ಮಾತ್ರ ರಜೆಯಿಲ್ಲ. ಕಂತು ತಪ್ಪಿದರೆ ಸುಸ್ತಿಬಡ್ಡಿಯೂ ಸೇರಿ ಬಾಕಿ ಅಸಲನ್ನು ಮೀರಿ ಬೆಳೆಯುತ್ತದೆ. ತಕರಾರು ಹೆಚ್ಚಾಗಿ ಅಸಲಿನದ್ದಲ್ಲ, ಈ ಬೆಳೆದ ಭಾಗದ್ದು.

ವಸೂಲಿಗೆ ಸಂಸ್ಥೆಯ ಕೈಯಲ್ಲಿ ಮೂರು ದಾರಿಗಳಿವೆ. 29ನೇ ಕಲಮಿನಡಿ ಕೋರ್ಟಿಗೆ ಹೋಗದೆಯೇ ಘಟಕವನ್ನು ವಶಪಡಿಸಿಕೊಂಡು ಮಾರಬಹುದು. ಖರ್ಚು ಮತ್ತು ಬಾಕಿ ಕಳೆದು ಉಳಿದ ಹಣ ಹಕ್ಕುದಾರನಿಗೆ ಸೇರುತ್ತದೆ. 31ನೇ ಕಲಮಿನಡಿ ಜಿಲ್ಲಾ ನ್ಯಾಯಾಧೀಶರಿಗೆ ಅರ್ಜಿ ಹಾಕಬಹುದು. 1985ರ ತಿದ್ದುಪಡಿಯಲ್ಲಿ ಸೇರಿದ 32ಜಿ ಕಲಮು ಬಾಕಿಯನ್ನು ಭೂಕಂದಾಯದಂತೆ ವಸೂಲಿ ಮಾಡಲು ಅವಕಾಶ ಕೊಡುತ್ತದೆ. ಸಂಸ್ಥೆಯ ಕಾಗದಕ್ಕಿಂತ ಹೀಗೆ ಬರುವ ತಹಶೀಲ್ದಾರರ ನೋಟಿಸೇ ಊರಿನಲ್ಲಿ ಹೆಚ್ಚು ಗಾಬರಿ ಹುಟ್ಟಿಸುವುದು ಸಹಜ.

ಜಾಮೀನುದಾರರ ವಿಷಯದಲ್ಲಿ ಕರ್ನಾಟಕದ ಪ್ರಕರಣವೇ ದೇಶಕ್ಕೆ ಮಾರ್ಗದರ್ಶಿಯಾಯಿತು. ಕೆಎಸ್‌ಎಫ್‌ಸಿ ಮತ್ತು ಎನ್. ನರಸಿಂಹಯ್ಯ ನಡುವಿನ ಮೊಕದ್ದಮೆಯಲ್ಲಿ 29ನೇ ಕಲಮಿನ ಅಧಿಕಾರ ಸಾಲ ಪಡೆದ ಉದ್ಯಮದ ಮೇಲೆ ಮಾತ್ರ ನಡೆಯುತ್ತದೆ, ಜಾಮೀನುದಾರನ ಆಸ್ತಿಯನ್ನು ಅದರಡಿ ವಶಪಡಿಸಿಕೊಳ್ಳುವಂತಿಲ್ಲ ಎಂದು ಸುಪ್ರೀಂ ಕೋರ್ಟು 2008ರಲ್ಲಿ ಹೇಳಿತು. ಅವನ ವಿರುದ್ಧ ಸಂಸ್ಥೆ 31ನೇ ಕಲಮಿನಡಿ ನ್ಯಾಯಾಧೀಶರ ಮುಂದೆ ಹೋಗಬಹುದು. ಅಂಥ ಅರ್ಜಿಗೆ ಮೂರು ವರ್ಷಗಳ ಕಾಲಮಿತಿ ಅನ್ವಯಿಸುತ್ತದೆಂದು ಮಹಾರಾಷ್ಟ್ರದ ಪ್ರಕರಣವೊಂದರಲ್ಲಿ 2006ರಲ್ಲೇ ತೀರ್ಮಾನವಾಗಿತ್ತು. ನೆಂಟಸ್ತಿಕೆಗೆ ಕಟ್ಟುಬಿದ್ದು ಸಹಿ ಹಾಕಿ, ಮನೆಯನ್ನೂ ಅಡವಿಟ್ಟವರಿಗೆ ಈ ತೀರ್ಪುಗಳು ನಿಜವಾದ ಆಸರೆ.

ಏಕಕಾಲಿಕ ತೀರುವಳಿ, ಅಂದರೆ ಬಳಕೆಯ ಮಾತಿನ ‘ಒಟಿಎಸ್’ ಕೋರುವ ಅರ್ಜಿಗಳಿಗೆ ಇಷ್ಟು ಬಲವಿಲ್ಲ. ಸಂಸ್ಥೆಯ ವ್ಯಾವಹಾರಿಕ ತೀರ್ಮಾನಗಳ ಮೇಲೆ ಹೈಕೋರ್ಟು ಮೇಲ್ಮನವಿ ಪ್ರಾಧಿಕಾರದಂತೆ ಕೂರಲಾಗದು ಎಂಬುದು ಜೆಮ್ ಕ್ಯಾಪ್ ಪ್ರಕರಣದಲ್ಲಿ (1993) ಸುಪ್ರೀಂ ಕೋರ್ಟಿನ ನಿಲುವು. 1992ರ ಮಹೇಶ ಚಂದ್ರ ಪ್ರಕರಣದಲ್ಲಿ ಜಪ್ತಿ ಮತ್ತು ಮಾರಾಟಕ್ಕೆ ವಿಧಿಸಿದ್ದ ಬಿಗಿ ಮಾರ್ಗಸೂಚಿಗಳನ್ನು 2002ರ ಜಗದಂಬಾ ಆಯಿಲ್ ಮಿಲ್ಸ್ ತೀರ್ಪು ತೆಗೆದುಹಾಕಿತು. ಒಟಿಎಸ್ ಸಾಲಗಾರನ ಹಕ್ಕಲ್ಲ, ಅದನ್ನು ಕೊಡಲೇಬೇಕೆಂದು ಹೈಕೋರ್ಟು ಆದೇಶಿಸುವಂತಿಲ್ಲ ಎಂದು ಬಿಜನೂರಿನ ಸಹಕಾರಿ ಬ್ಯಾಂಕೊಂದರ ಪ್ರಕರಣದಲ್ಲಿ 2021ರಲ್ಲಿ ಹೇಳಲಾಯಿತು. ಒಪ್ಪಿದ ಗಡುವನ್ನು ಕೋರ್ಟು ತಾನಾಗಿ ವಿಸ್ತರಿಸುವಂತಿಲ್ಲ ಎಂಬುದು 2022ರ ಅರವಿಂದ್ರ ಎಲೆಕ್ಟ್ರಾನಿಕ್ಸ್ ತೀರ್ಪು.

ಹೀಗಾಗಿ ಅರ್ಜಿದಾರನ ವಾದ ಗಟ್ಟಿಯಾಗಿ ನಿಲ್ಲುವುದು ಸಂಸ್ಥೆ ತನ್ನದೇ ಒಟಿಎಸ್ ಯೋಜನೆಯ ಷರತ್ತು ಮೀರಿದಾಗ, ನೋಟಿಸು ಕೊಡದೆ ಹರಾಜು ಹಾಕಿದಾಗ ಅಥವಾ ಆಸ್ತಿಯನ್ನು ತೀರಾ ಅಗ್ಗಕ್ಕೆ ಮಾರಿದಾಗ. ಬಾಕಿಯ ಒಂದು ಪಾಲನ್ನು ಜಮೆ ಮಾಡುವ ಷರತ್ತಿನ ಮೇಲೆ ತಡೆಯಾಜ್ಞೆ ನೀಡುವುದು, ಮನವಿಯನ್ನು ಇಂತಿಷ್ಟು ವಾರಗಳೊಳಗೆ ಪರಿಶೀಲಿಸುವಂತೆ ಸಂಸ್ಥೆಗೆ ಸೂಚಿಸಿ ಅರ್ಜಿ ಮುಗಿಸುವುದು ಹೈಕೋರ್ಟುಗಳ ವಾಡಿಕೆ. ಮೊತ್ತ ನಿಗದಿಯಾಗುವುದು ಕೊನೆಗೂ ಸಂಸ್ಥೆಯಲ್ಲೇ. ಅದನ್ನು ಪೂರ್ತಿ ಕಟ್ಟಿದ ಮೇಲೆ ಸಾಲಗಾರ ಬೇಬಾಕಿ ಪತ್ರವನ್ನೂ ಅಡವಿಟ್ಟ ಮೂಲ ಕಾಗದಪತ್ರಗಳನ್ನೂ ಪಡೆಯಬೇಕು. ಜಮೀನು ಅಡವಾಗಿದ್ದರೆ ಪಹಣಿಯ 11ನೇ ಕಾಲಮ್ಮಿನಲ್ಲಿರುವ ಬೋಜಾವನ್ನು ಕಂದಾಯ ಕಚೇರಿಯಲ್ಲಿ ಬೇರೆಯಾಗಿ ತೆಗೆಸಬೇಕಾಗುತ್ತದೆ.